ಜಿ.ವಿ. ಅಯ್ಯರ್: ಗೆದ್ದ ಹಾದಿಯನ್ನು ತೊರೆದ ಬರಿಗಾಲ ನಿರ್ದೇಶಕ

ಭಾರತದ ಮೊದಲ ಸಂಸ್ಕೃತ ಕಥಾಚಿತ್ರವನ್ನು ಬರೆದು ನಿರ್ದೇಶಿಸಿದ ಕೀರ್ತಿ ಕನ್ನಡಿಗರಾದ ಗಣಪತಿ ವೆಂಕಟರಮಣ ಅಯ್ಯರ್ ಅವರಿಗೆ ಸಲ್ಲುತ್ತದೆ. ನಟ, ಗೀತರಚನೆಕಾರ, ಸಂಭಾಷಣೆಕಾರ, ನಿರ್ಮಾಪಕ ಹಾಗೂ ನಿರ್ದೇಶಕರಾಗಿ ಆರು ದಶಕಗಳ ಕಾಲ ದುಡಿದ ಅವರನ್ನು ಚಿತ್ರರಂಗದ ‘ಭೀಷ್ಮ’ ಎಂದು ಕರೆಯಲಾಗುತ್ತಿತ್ತು. ಪಾದರಕ್ಷೆ ಧರಿಸದ ಕಾರಣ ‘ಬರಿಗಾಲ ನಿರ್ದೇಶಕ’ ಎಂಬ ಹೆಸರೂ ಅವರಿಗಿತ್ತು.

ರಂಗಭೂಮಿಯಿಂದ ಬೆಳ್ಳಿತೆರೆಗೆ

ಅಯ್ಯರ್ 1917ರ ಸೆಪ್ಟೆಂಬರ್ 3ರಂದು ನಂಜನಗೂಡಿನಲ್ಲಿ ಜನಿಸಿದರು. ಬಾಲ್ಯದಲ್ಲೇ ಗುಬ್ಬಿ ವೀರಣ್ಣನವರ ನಾಟಕ ಕಂಪನಿ ಸೇರಿದರು. 1943ರ ‘ರಾಧಾರಮಣ’ ಚಿತ್ರದಿಂದ ಅವರ ಸಿನಿಮಾ ಜೀವನ ಆರಂಭವಾಯಿತು. ಡಾ. ರಾಜ್‌ಕುಮಾರ್ ನಾಯಕರಾಗಿ ಪ್ರವೇಶಿಸಿದ ‘ಬೇಡರ ಕಣ್ಣಪ್ಪ’ದಲ್ಲಿಯೂ (1954) ಅವರು ಅಭಿನಯಿಸಿದ್ದರು.

ಆಗ ಕನ್ನಡ ಚಿತ್ರಗಳು ಬಹುತೇಕ ಮದರಾಸಿನಲ್ಲಿ ತಯಾರಾಗುತ್ತಿದ್ದವು. ಚಿತ್ರಗಳ ಸಂಖ್ಯೆ ಕಡಿಮೆ; ಕಲಾವಿದರಿಗೆ ಕೆಲಸವೂ ಕಡಿಮೆ. ಈ ಸಂಕಷ್ಟದ ನಡುವೆ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು ಅವರೊಡನೆ ಅಯ್ಯರ್ ಕಲಾವಿದರ ಸಂಘ ಕಟ್ಟಿದರು. ನಾಟಕಗಳನ್ನಾಡುತ್ತಾ ಊರೂರು ಸುತ್ತಿದ ಈ ಸಂಘವೇ ‘ರಣಧೀರ ಕಂಠೀರವ’ (1960) ಚಿತ್ರವನ್ನು ನಿರ್ಮಿಸಿತು. ಅದರ ಬರವಣಿಗೆಯ ಹೊಣೆ ಅಯ್ಯರ್ ಅವರದಾಗಿತ್ತು.

1962ರಲ್ಲಿ ರಾಜ್‌ಕುಮಾರ್, ಕಲ್ಯಾಣ್‌ಕುಮಾರ್, ಉದಯಕುಮಾರ್ ಮೂವರೂ ನಟಿಸಿದ ‘ಭೂದಾನ’ವನ್ನು ಅವರು ನಿರ್ದೇಶಿಸಿದರು. ‘ತಾಯಿ ಕರುಳು’, ‘ಲಾಯರ್ ಮಗಳು’, ‘ಪೋಸ್ಟ್ ಮಾಸ್ಟರ್’, ‘ಕಿಲಾಡಿ ರಂಗ’, ‘ಮೈಸೂರು ಟಾಂಗಾ’ ಮೊದಲಾದವು ಆ ದಶಕದ ಅವರ ಇತರ ಚಿತ್ರಗಳು.

ಬದಲಾದ ದಿಕ್ಕು

ಜನಪ್ರಿಯ ಚಿತ್ರಗಳ ವ್ಯಾಕರಣ ಕರಗತವಾಗಿದ್ದರೂ ಅಯ್ಯರ್ ಅದಕ್ಕೆ ಅಂಟಿಕೊಳ್ಳಲಿಲ್ಲ. ಹಾಸನ ಜಿಲ್ಲೆಯ ಸಂತೇಶಿವರದಲ್ಲಿ ಜನಿಸಿದ ಎಸ್.ಎಲ್. ಭೈರಪ್ಪ ಅವರ ‘ವಂಶವೃಕ್ಷ’ ಕಾದಂಬರಿ ತೆರೆಗೆ ಬಂದಾಗ ಅದರ ನಿರ್ಮಾಪಕರು ಅಯ್ಯರ್. ನಿರ್ದೇಶನವನ್ನು ಗಿರೀಶ್ ಕಾರ್ನಾಡ್ ಮತ್ತು ಬಿ.ವಿ. ಕಾರಂತರಿಗೆ ಬಿಟ್ಟುಕೊಟ್ಟರು. 1971ನೇ ಸಾಲಿನ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಇಬ್ಬರಿಗೂ ಸಂದಿತು.

ತಮಗಿಂತ ಕಿರಿಯರಾದ ಈ ನಿರ್ದೇಶಕರು ತೆರೆದ ದಾರಿಯಲ್ಲಿ ಅಯ್ಯರ್ ತಾವೂ ಹೆಜ್ಜೆಯಿಟ್ಟಾಗ ಅವರ ವಯಸ್ಸು ಅರವತ್ತರ ಸಮೀಪವಿತ್ತು. ತ.ರಾ.ಸು. ಕಾದಂಬರಿ ಆಧರಿಸಿದ ‘ಹಂಸಗೀತೆ’ (1975) ಚಿತ್ರದುರ್ಗದ ಸಂಗೀತಗಾರನೊಬ್ಬನ ಕಥೆ. ಅನಂತನಾಗ್ ಮುಖ್ಯ ಪಾತ್ರದಲ್ಲಿದ್ದ ಈ ಚಿತ್ರ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಪಡೆಯಿತು. ಹಿನ್ನೆಲೆ ಗಾಯನಕ್ಕಾಗಿ ಎಂ. ಬಾಲಮುರಳಿಕೃಷ್ಣ ಅವರಿಗೂ ಪ್ರಶಸ್ತಿ ದೊರೆಯಿತು.

ಆಚಾರ್ಯತ್ರಯರ ಚಿತ್ರಗಳು

ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ ನಿರ್ಮಿಸಿದ ‘ಆದಿ ಶಂಕರಾಚಾರ್ಯ’ (1983) ಅಯ್ಯರ್ ಅವರ ಮಹತ್ವದ ಸಾಹಸ. ನಿತ್ಯದ ಆಡುಮಾತಾಗಿ ವಿರಳವಾಗಿರುವ ಭಾಷೆಯಲ್ಲಿ ಇಡೀ ಕಥಾಚಿತ್ರ ತೆಗೆಯುವುದು ವ್ಯಾಪಾರದ ಲೆಕ್ಕಾಚಾರಕ್ಕೆ ನಿಲುಕುವಂತಹುದಲ್ಲ. ಮೃತ್ಯು ಮತ್ತು ಪ್ರಜ್ಞಾನವನ್ನು ಶಂಕರರ ಒಡನಾಡಿಗಳಾಗಿ, ಮನುಷ್ಯರೂಪದಲ್ಲಿ ತೋರಿಸುವ ಮೂಲಕ ಅವರು ತತ್ತ್ವವಿಚಾರವನ್ನು ಕಣ್ಣಿಗೆ ಕಾಣುವಂತೆ ಮಾಡಿದರು. ಅತ್ಯುತ್ತಮ ಚಿತ್ರ, ಚಿತ್ರಕಥೆ, ಛಾಯಾಗ್ರಹಣ ಮತ್ತು ಧ್ವನಿಗ್ರಹಣ ಸೇರಿ ನಾಲ್ಕು ರಾಷ್ಟ್ರಪ್ರಶಸ್ತಿಗಳು ಚಿತ್ರಕ್ಕೆ ಲಭಿಸಿದವು. ಚಿತ್ರಕಥೆಯ ಪ್ರಶಸ್ತಿಯನ್ನು ಸ್ವತಃ ಅಯ್ಯರ್ ಪಡೆದರು.

ಅನಂತರ ‘ಮಧ್ವಾಚಾರ್ಯ’ (1986) ಕನ್ನಡದಲ್ಲಿ, ‘ರಾಮಾನುಜಾಚಾರ್ಯ’ (1989) ತಮಿಳಿನಲ್ಲಿ ತಯಾರಾದವು. ಬೇಲೂರು-ಹಳೇಬೀಡು ಸೀಮೆಯ ಓದುಗರಿಗೆ ಆಪ್ತವಾಗುವ ಇನ್ನೊಂದು ಕೃತಿಯೂ ಅವರದಿದೆ. ಹೊಯ್ಸಳ ದೊರೆ ವಿಷ್ಣುವರ್ಧನನ ರಾಣಿಯನ್ನು ಕುರಿತ ಕೆ.ವಿ. ಅಯ್ಯರ್ ಅವರ ‘ಶಾಂತಲಾ’ ಕಾದಂಬರಿಯನ್ನು ಅವರು ಕಿರುತೆರೆಯ ಧಾರಾವಾಹಿಯಾಗಿ ರೂಪಿಸಿದರು.

ಸಂಸ್ಕೃತದಲ್ಲೇ ತೆಗೆದ ‘ಭಗವದ್ಗೀತಾ’ 1992ನೇ ಸಾಲಿನ ಅತ್ಯುತ್ತಮ ಚಿತ್ರವೆಂದು ಪುರಸ್ಕೃತವಾಯಿತು. ‘ಸ್ವಾಮಿ ವಿವೇಕಾನಂದ’ ಚಿತ್ರದಲ್ಲಿ ರಾಮಕೃಷ್ಣ ಪರಮಹಂಸರಾಗಿ ನಟಿಸಿದ ಮಿಥುನ್ ಚಕ್ರವರ್ತಿ ಅವರಿಗೆ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ಬಂದಿತು.

2003ರ ಡಿಸೆಂಬರ್ 21ರಂದು ಮುಂಬೈಯಲ್ಲಿ ಅಯ್ಯರ್ ನಿಧನರಾದರು. ಅವರಿಗೆ 86 ವರ್ಷ ವಯಸ್ಸಾಗಿತ್ತು. ಆ ಇಳಿವಯಸ್ಸಿನಲ್ಲೂ ರಾಮಾಯಣವನ್ನು ತೆರೆಗೆ ತರುವ ಸಿದ್ಧತೆಯಲ್ಲಿ ಅವರು ತೊಡಗಿದ್ದರು. ಆ ಚಿತ್ರ ಕೈಗೂಡಲಿಲ್ಲ.