ಪುತ್ತೂರು, ಸುಳ್ಯ, ಕಡಬ ತಾಲೂಕುಗಳ ಟಿಂಕರಿಂಗ್–ಪೇಂಟಿಂಗ್ ಕಸುಬು

ಅಪಘಾತದಲ್ಲಿ ನೆಗ್ಗಿದ, ಹರಿದ, ತುಕ್ಕು ತಿಂದ ವಾಹನದ ಹೊರಮೈಯನ್ನು ಸರಿಪಡಿಸಿ ಬಣ್ಣ ಹೊಡೆಯುವ ಕಸುಬಿಗೆ ದಕ್ಷಿಣ ಕನ್ನಡದಲ್ಲಿ ಟಿಂಕರಿಂಗ್ ಮತ್ತು ಪೇಂಟಿಂಗ್ ಎಂದು ಹೆಸರು. ತಗಡಿನ ಕೆಲಸ ಟಿಂಕರನದು, ಬಣ್ಣದ ಕೆಲಸ ಪೇಂಟರನದು. ಎಂಜಿನ್ ಬಿಚ್ಚುವ ಮೆಕ್ಯಾನಿಕ್‌ಗೂ ಇವರಿಗೂ ಕೈಚಳಕವೇ ಬೇರೆ. ಆದರೂ ಮೂವರೂ ಒಂದೇ ಶೀಟಿನ ಮಾಡಿನ ಅಡಿಯಲ್ಲಿ ದುಡಿಯುವುದು ವಾಡಿಕೆ. ಜಿಲ್ಲೆಯ ಪೂರ್ವಕ್ಕೆ, ಘಟ್ಟದ ಬುಡಕ್ಕೆ ಹೊಂದಿಕೊಂಡಿರುವ ಪುತ್ತೂರು, ಸುಳ್ಯ ಮತ್ತು ಇವೆರಡರ ಗ್ರಾಮಗಳನ್ನು ಸೇರಿಸಿ ರಚಿಸಿದ ಕಡಬ, ಈ ಮೂರು ತಾಲೂಕುಗಳಲ್ಲಿ ಕಸುಬು ಇಂದು ಎರಡು ಹೋಳಾಗಿ ನಿಂತಿದೆ. ಒಂದು ಕಡೆ ಸುತ್ತಿಗೆಯಲ್ಲಿ ತಟ್ಟಿ ತಗಡನ್ನು ಮೊದಲಿನ ಆಕಾರಕ್ಕೆ ತರುವ ಹಳೆಯ ಗ್ಯಾರೇಜು. ಇನ್ನೊಂದು ಕಡೆ, ಕೆಟ್ಟ ಭಾಗವನ್ನು ತೆಗೆದು ಹೊಸದನ್ನು ಕೂರಿಸುವ ಕಂಪೆನಿ ವರ್ಕ್‌ಶಾಪು.

ದಾರಿ, ದರೆ, ಕಾಡು

ಈ ಭಾಗದ ಕೆಲಸದ ಸ್ವರೂಪವನ್ನು ಇಲ್ಲಿನ ದಾರಿಗಳೇ ನಿರ್ಧರಿಸಿವೆ. ಮಾಣಿಯಿಂದ ಮೈಸೂರಿಗೆ ಹೋಗುವ ರಾಷ್ಟ್ರೀಯ ಹೆದ್ದಾರಿ 275 ಪುತ್ತೂರು, ಜಾಲ್ಸೂರು, ಸುಳ್ಯ, ಅರಂತೋಡು ದಾಟಿ ಸಂಪಾಜೆಯಲ್ಲಿ ಘಟ್ಟ ಹತ್ತುತ್ತದೆ. ಮಂಗಳೂರು–ಬೆಂಗಳೂರು ಹೆದ್ದಾರಿ 75 ಉಪ್ಪಿನಂಗಡಿ, ನೆಲ್ಯಾಡಿ, ಗುಂಡ್ಯದ ಮೂಲಕ ಶಿರಾಡಿ ಘಾಟಿಗೆ ಸೇರುತ್ತದೆ. ಉಪ್ಪಿನಂಗಡಿಯಿಂದ ಆಲಂಕಾರು, ಕಡಬ ಹಾದು ಕುಕ್ಕೆ ಸುಬ್ರಹ್ಮಣ್ಯಕ್ಕೆ ಹೋಗುವ ರಸ್ತೆಯಲ್ಲಿ ವರ್ಷವಿಡೀ ಯಾತ್ರಿಕರ ವಾಹನ. ಇವುಗಳಿಂದ ಕವಲೊಡೆದು ತೋಟಗಳಿಗೆ ಇಳಿಯುವ ಕಾಂಕ್ರೀಟು ರಸ್ತೆಗಳು ಒಂದೇ ವಾಹನದ ಅಗಲದವು. ಒಂದು ಬದಿಗೆ ದರೆ (ಕಡಿದ ಮಣ್ಣಿನ ಗೋಡೆ), ಇನ್ನೊಂದು ಬದಿಗೆ ತೋಡು (ಸಣ್ಣ ಹಳ್ಳ) ಇರುತ್ತದೆ. ಎದುರಿನಿಂದ ಪಿಕಪ್ ಬಂದರೆ ಕಾರಿನ ಎಡಬದಿ ದರೆಗೆ ಉಜ್ಜದೆ ದಾರಿಯಿಲ್ಲ. ಇಲ್ಲಿನ ಗ್ಯಾರೇಜುಗಳಿಗೆ ಬರುವ ಕಾರುಗಳ ಎಡಗಡೆಯ ಬಾಗಿಲಿನ ಮೇಲಿನ ಉದ್ದ ಗೀರುಗಳಿಗೆ ಇದೇ ಮುಖ್ಯ ಕಾರಣ.

ಸುಬ್ರಹ್ಮಣ್ಯ, ಗುಂಡ್ಯ, ಸಂಪಾಜೆ ಕಡೆಯ ರಸ್ತೆಗಳು ಕಾಡಿನ ನಡುವೆ ಸಾಗುತ್ತವೆ. ಕಾಡುಹಂದಿ, ಕಡವೆ, ಕಾಟಿ ಅಡ್ಡ ಬರುತ್ತವೆ. ಮಳೆಗಾಳಿಗೆ ಕೊಂಬೆ ಮುರಿದು ಬಾನೆಟ್ಟಿನ ಮೇಲೆ ಬೀಳುತ್ತದೆ. ಘಟ್ಟದಲ್ಲಿ ಗುದ್ದಿಸಿಕೊಂಡ ಬೆಂಗಳೂರಿನ ಕಾರು ಇಲ್ಲಿ ಪೂರ್ತಿ ರಿಪೇರಿಗೆ ನಿಲ್ಲುವುದು ಅಪರೂಪ. ಫ್ಯಾನಿಗೆ ತಾಗಿದ ರೇಡಿಯೇಟರನ್ನು ಹಿಂದಕ್ಕೆ ಎಳೆದು, ಟಯರಿಗೆ ಉಜ್ಜುವ ಮಡ್‌ಗಾರ್ಡನ್ನು ಬಗ್ಗಿಸಿ, ನೇತಾಡುವ ಬಂಪರನ್ನು ಬಿಗಿದು ಕಟ್ಟಿ ಊರಿಗೆ ಮುಟ್ಟುವಂತೆ ಮಾಡಿಕೊಡುವುದು ಹೆದ್ದಾರಿ ಬದಿಯ ಟಿಂಕರನ ಕೆಲಸ. ಮಕ್ಕಳನ್ನೂ ವೃದ್ಧರನ್ನೂ ಕಟ್ಟಿಕೊಂಡು ದಾರಿಯಲ್ಲಿ ನಿಂತ ಸಂಸಾರಕ್ಕೆ ಆ ಒಂದು ಗಂಟೆಯ ಕೆಲಸದ ಬೆಲೆ ಬಿಲ್ಲಿನಲ್ಲಿ ಕಾಣುವುದಕ್ಕಿಂತ ದೊಡ್ಡದು.

ಮಳೆ ಮತ್ತು ತುಕ್ಕು

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಸುರಿಯುವ ಮಳೆ ಈ ಕಸುಬಿಗೆ ಅನ್ನವನ್ನೂ ಕೊಡುತ್ತದೆ, ಅಡ್ಡಿಯನ್ನೂ ತರುತ್ತದೆ. ಟಯರು ಎರಚುವ ಕೆಂಪು ಮಣ್ಣು ಮಡ್‌ಗಾರ್ಡಿನ ಒಳಮಡಿಕೆಯಲ್ಲೂ ಬಾಗಿಲ ಕೆಳಗಿನ ಅಂಚಿನಲ್ಲೂ ಕೂತು ತಿಂಗಳುಗಟ್ಟಲೆ ಒದ್ದೆಯಾಗಿಯೇ ಇರುತ್ತದೆ. ಬಾಗಿಲ ತಳದಲ್ಲಿ ನೀರು ಇಳಿಯಲೆಂದು ಬಿಟ್ಟಿರುವ ತೂತುಗಳು ಮುಚ್ಚಿಹೋದರೆ ತಗಡು ಒಳಗಿನಿಂದ ಕೊಳೆಯತೊಡಗುತ್ತದೆ. ಹೊರಗೆ ಬಣ್ಣದ ಮೇಲೆ ಚಿಕ್ಕ ಗುಳ್ಳೆ ಕಾಣಿಸುವ ಹೊತ್ತಿಗೆ ಒಳಗೆ ತಗಡೇ ಉಳಿದಿರುವುದಿಲ್ಲ. ಮಳೆಗಾಲಕ್ಕೆ ಮೊದಲು ವಾಟರ್ ಸರ್ವಿಸ್ ಮಾಡಿಸಿ ಅಡಿಭಾಗಕ್ಕೆ ಹಳೆಯ ಆಯಿಲ್ ಹೊಡೆಸುವ ಪದ್ಧತಿ ಹುಟ್ಟಿದ್ದು ಇದೇ ಭಯದಿಂದ. ಈಗ ಅದರ ಜಾಗಕ್ಕೆ ರಬ್ಬರಿನಂಥ ಅಂಡರ್ ಕೋಟಿಂಗ್ ಬಂದಿದೆ.

ತೋಟದ ಕೆಲಸವೂ ತುಕ್ಕಿಗೆ ನೆರವಾಗುತ್ತದೆ. ಅಡಿಕೆಯ ಕೊಳೆರೋಗಕ್ಕೆ ಸಿಂಪಡಿಸುವ ಬೋರ್ಡೋ ದ್ರಾವಣಕ್ಕೆ ಮೈಲುತುತ್ತು ಬೇಕು. ಮೈಲುತುತ್ತಿನ ನೀರು ಕಬ್ಬಿಣಕ್ಕೆ ತಾಗಿದರೆ ತಾಮ್ರ ಹೊರಬಂದು ಕಬ್ಬಿಣ ಕರಗುತ್ತದೆ. ಅದನ್ನು ಕಬ್ಬಿಣದ ಪಾತ್ರೆಯಲ್ಲಿ ಕಲಸಬಾರದೆಂಬ ನಿಯಮ ಇರುವುದು ಆದ್ದರಿಂದಲೇ. ಅದೇ ತುತ್ತಿನ ಚೀಲ, ರಸಗೊಬ್ಬರ, ರಬ್ಬರ್ ಹಾಲನ್ನು ಗಟ್ಟಿ ಮಾಡುವ ಫಾರ್ಮಿಕ್ ಆಸಿಡ್ಡಿನ ಕ್ಯಾನು ಜೀಪಿನ ಅಥವಾ ಪಿಕಪ್ಪಿನ ಹಿಂದೆ ಕೂತು ಬರುತ್ತವೆ. ಚೆಲ್ಲಿದ್ದನ್ನು ಅಂದೇ ತೊಳೆಯದಿದ್ದರೆ ಪ್ಲಾಟ್‌ಫಾರಂ ಬೇಗ ತೂತು ಬೀಳುತ್ತದೆ.

ಬಣ್ಣದ ಕೆಲಸಕ್ಕೆ ತೇವವೇ ಶತ್ರು. ಹಳೆಯ ನೈಟ್ರೊಸೆಲ್ಯುಲೋಸ್ ಪೇಂಟಿನಲ್ಲಿ ಥಿನ್ನರ್ ಬೇಗನೆ ಆರಿ ತಗಡಿನ ಮೈ ತಂಪಾಗುತ್ತದೆ. ಗಾಳಿಯ ತೇವ ಅದರ ಮೇಲೆ ಕೂತು ಹೊಳಪಿನ ಬದಲು ಬಿಳಿ ಮಬ್ಬು ಮೂಡುತ್ತದೆ. ತಗ್ಗು ತುಂಬಲು ಹಚ್ಚುವ ಪುಟ್ಟಿ ನೀರು ಹೀರಿಕೊಳ್ಳುವ ವಸ್ತು. ನೀರು ಹಾಕಿ ಸ್ಯಾಂಡ್‌ಪೇಪರ್ ಉಜ್ಜಿ, ಪೂರ್ತಿ ಒಣಗುವ ಮೊದಲೇ ಪ್ರೈಮರ್ ಹೊಡೆದರೆ ಕೆಲವು ತಿಂಗಳಲ್ಲಿ ಗುಳ್ಳೆ ಎದ್ದೇ ಏಳುತ್ತದೆ. ಆದ್ದರಿಂದ ಬಣ್ಣ ಹೊಡೆಯುವ ಮುಚ್ಚಿದ ಕೋಣೆ, ಅಂದರೆ ಬೂತ್ ಇಲ್ಲದ ಗ್ಯಾರೇಜಿನ ಪೇಂಟರ್ ಆಷಾಢದಲ್ಲಿ ಒಂದು ಬಿಸಿಲಿಗಾಗಿ ದಿನಗಟ್ಟಲೆ ಕಾಯುತ್ತಾನೆ. ಗಾಳಿಮಳೆಗೆ ಕರೆಂಟು ಹೋದರೆ ಕಂಪ್ರೆಸರೂ ನಿಲ್ಲುತ್ತದೆ. ಗ್ರಾಹಕರು ಇದನ್ನು ಸೋಮಾರಿತನವೆಂದು ತಿಳಿಯುವುದು ಅನ್ಯಾಯ. ಮಳೆಗಾಲದಲ್ಲಿ ನಾಳೆಯೇ ಗಾಡಿ ಕೊಡುತ್ತೇನೆ ಎನ್ನುವ ಪೇಂಟರನಿಗಿಂತ ಒಂದು ವಾರ ಬೇಕು ಎನ್ನುವವನನ್ನು ನಂಬುವುದೇ ಲೇಸು. ಮುಚ್ಚಿದ ಬೂತಿನಲ್ಲಿ ಸುಮಾರು 60 ಡಿಗ್ರಿ ಬಿಸಿಯಲ್ಲಿ ಅರ್ಧ ಗಂಟೆಯಲ್ಲಿ ಗಟ್ಟಿಯಾಗುವ ಎರಡು ಭಾಗದ ಪಿಯು (ಪಾಲಿಯುರೆಥೇನ್) ಪೇಂಟು ಈ ತೊಡಕನ್ನು ನೀಗಿಸುತ್ತದೆ. ಆದರೆ ಬೂತ್ ಕಟ್ಟಲು ಬೇಕಾದ ಬಂಡವಾಳ ಸಣ್ಣ ಗ್ಯಾರೇಜಿನ ಕೈಗೆ ಎಟಕುವುದಿಲ್ಲ.

ಜೀಪು ಕಲಿಸಿದ ವಿದ್ಯೆ

ಈ ಮೂರು ತಾಲೂಕುಗಳ ಟಿಂಕರಿಂಗ್ ಬೆಳೆದದ್ದು ಮಹೀಂದ್ರ ಜೀಪಿನ ಮೇಲೆ. ಬಸ್ಸು ಹೋಗದ ಊರುಗಳಿಗೆ ಸರ್ವಿಸ್ ಜೀಪುಗಳೇ ಆಸರೆಯಾಗಿದ್ದವು. ಗುತ್ತಿಗಾರು, ಪಂಜ, ಬೆಳ್ಳಾರೆ, ಬಿಳಿನೆಲೆ ಕಡೆಯ ಜನ ಹಿಂದಿನ ಉದ್ದ ಸೀಟಿನಲ್ಲಿ ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತು ಪೇಟೆಗೆ ಬಂದರು. ಜೀಪಿಗೆ ಚಾಸಿಸ್ ಬೇರೆ, ಬಾಡಿ ಬೇರೆ. ಮೈಯೆಲ್ಲ ಚಪ್ಪಟೆ ತಗಡು, ದಪ್ಪ ಒಂದು ಮಿಲಿಮೀಟರಿಗಿಂತ ಹೆಚ್ಚು. ಹಾಗಾಗಿ ಮಡ್‌ಗಾರ್ಡು ಕೊಳೆತರೆ ಅಂಗಡಿಯಿಂದ ಶೀಟು ತಂದು ಕತ್ತರಿಸಿ, ಬಗ್ಗಿಸಿ, ಗ್ಯಾಸ್ ವೆಲ್ಡಿಂಗಿನಿಂದ ಕೂರಿಸಿದರೆ ಹೊಸ ಮಡ್‌ಗಾರ್ಡು ಸಿದ್ಧ. ಪ್ಲಾಟ್‌ಫಾರಂ, ಹಿಂಬಾಗಿಲು, ಸೈಡ್ ಪ್ಯಾನೆಲ್ ಎಲ್ಲವೂ ಹೀಗೆಯೇ. ಒಂದೇ ಚಾಸಿಸ್ಸಿನ ಮೇಲೆ ಎರಡು ಮೂರು ಸಲ ಬಾಡಿ ಬದಲಾದ ಜೀಪುಗಳೂ ಉಂಟು.

ಕೆಲಸದ ತಿರುಳು ಹೀಗಿದೆ: ನೆಗ್ಗಿದ ತಗಡಿನ ಒಳಗೆ ಡಾಲಿ ಎಂಬ ಉಕ್ಕಿನ ಗಟ್ಟಿಯನ್ನು ಒತ್ತಿಹಿಡಿದು ಹೊರಗಿನಿಂದ ಸುತ್ತಿಗೆಯಲ್ಲಿ ಹಗುರವಾಗಿ ಬಡಿಯಬೇಕು. ತಗಡು ಎಲ್ಲಿ ಹಿಗ್ಗಿದೆ, ಎಲ್ಲಿ ಕುಗ್ಗಿದೆ ಎಂಬುದು ಕಣ್ಣಿಗಿಂತ ಮೊದಲು ಅಂಗೈಗೆ ತಿಳಿಯುತ್ತದೆ. ಜಾಸ್ತಿ ಬಡಿದರೆ ತಗಡು ಹಿಗ್ಗಿ ಡಬ್ಬದ ಮುಚ್ಚಳದ ಹಾಗೆ ಒಳಗೂ ಹೊರಗೂ ಕುಣಿಯತೊಡಗುತ್ತದೆ. ಆಗ ಆ ಜಾಗವನ್ನು ಕಾಯಿಸಿ ತಣಿಸಿ ಕುಗ್ಗಿಸಬೇಕು. ಒಳ್ಳೆಯ ಟಿಂಕರನ ಕೆಲಸಕ್ಕೆ ಪುಟ್ಟಿ ತೆಳುವಾಗಿ ಸಾಕು. ಅರೆಬರೆ ಕೆಲಸವನ್ನು ಮುಚ್ಚಲು ದಪ್ಪ ಪುಟ್ಟಿ ಬೇಕಾಗುತ್ತದೆ, ಆದರೆ ಅದು ಬೇಗ ಬಿರಿಯುತ್ತದೆ. ಇಂಥ ಕೈಗಳನ್ನು ತಯಾರಿಸಲು ವರ್ಷಗಳೇ ಹಿಡಿಯುತ್ತವೆ.

ಹೊಸ ಕಾರಿನ ಲೋಹ

1983ರಲ್ಲಿ ಮಾರುತಿ 800 ಬಂದ ಮೇಲೆ ಸಾಮಾನ್ಯ ಮನೆಗಳಿಗೆ ಬಂದ ಕಾರುಗಳಲ್ಲಿ ಬೇರೆ ಚಾಸಿಸ್ ಇಲ್ಲ. ಬಾಡಿಯೇ ಎಲ್ಲ ಭಾರವನ್ನೂ ಹೊರುತ್ತದೆ. ಹೊರತಗಡಿನ ದಪ್ಪ ಸುಮಾರು 0.7 ಮಿಲಿಮೀಟರು. ಹೊಸ ಮಾದರಿಗಳಿಗೆ 2017ರ ಅಕ್ಟೋಬರ್‌ನಿಂದ ಅಪಘಾತ ಪರೀಕ್ಷೆ ಕಡ್ಡಾಯವಾಯಿತು. 2023ರಲ್ಲಿ ಕಾರಿನ ಸುರಕ್ಷತೆಯನ್ನು ಅಳೆಯುವ ಭಾರತ್ ಎನ್‌ಕ್ಯಾಪ್ ನಕ್ಷತ್ರಗಳು ಬಂದವು. ಇವುಗಳಿಗೆ ತಕ್ಕಂತೆ ಪಿಲ್ಲರು, ಬಾಗಿಲೊಳಗಿನ ಅಡ್ಡಪಟ್ಟಿಗಳಿಗೆ ಸಾಮಾನ್ಯ ತಗಡಿಗಿಂತ ಹಲವು ಪಟ್ಟು ಬಲದ ಉಕ್ಕನ್ನು ಬಳಸುತ್ತಾರೆ. ಕೆಂಪಗೆ ಕಾಯಿಸಿ ಅಚ್ಚಿನಲ್ಲಿ ಒತ್ತಿ, ಅಲ್ಲೇ ತಣಿಸಿ ಗಟ್ಟಿ ಮಾಡಿದ ಉಕ್ಕು ಅದು. ಗ್ಯಾಸ್ ಜ್ವಾಲೆಯಲ್ಲಿ ಮತ್ತೆ ಕಾಯಿಸಿದರೆ ಆ ಬಲ ಹೊರಟುಹೋಗುತ್ತದೆ. ಹಾಗೆ ರಿಪೇರಿಯಾದ ಕಾರು ಹೊರಗೆ ನೋಡಲು ಚೆಂದವಾಗಿ ಕಂಡರೂ ಮುಂದಿನ ಅಪಘಾತದಲ್ಲಿ ಒಳಗಿದ್ದವರನ್ನು ಕಾಪಾಡಲಾರದು. ಜೀಪಿನಲ್ಲಿ ಕಲಿತ ವಿದ್ಯೆಯನ್ನು ಇಲ್ಲಿ ಹಾಗೆಯೇ ಬಳಸುವುದು ಅಪಾಯಕರ. ಈ ಮಾತನ್ನು ಕಟುವಾಗಿಯೇ ಹೇಳಬೇಕು, ಏಕೆಂದರೆ ಇಂಥ ಕಾರು ಸೋವಿಯೆಂದು ಮತ್ತೊಬ್ಬರ ಕೈಸೇರಿ ಓಡುತ್ತಿರುತ್ತದೆ.

ಬಂಪರುಗಳು ಪ್ಲಾಸ್ಟಿಕ್ ಆಗಿವೆ. ಅವುಗಳ ಹಿಂದೆ ಸೆನ್ಸರು, ಕ್ಯಾಮೆರಾ, ಕೆಲವು ಕಾರುಗಳಲ್ಲಿ ರಾಡಾರ್ ಇರುತ್ತದೆ. ವಿದ್ಯುತ್ ಕಾರುಗಳಲ್ಲಿ ನೆಲದಡಿಯೇ ಬ್ಯಾಟರಿ. ಇಂಥವುಗಳಲ್ಲಿ ದೊಡ್ಡ ಪೆಟ್ಟು ತಿಂದದ್ದು ಕಂಪೆನಿ ವರ್ಕ್‌ಶಾಪಿಗೆ, ಹಲವು ಸಲ ಮಂಗಳೂರಿಗೇ ಹೋಗುತ್ತದೆ. ಮೆಟಾಲಿಕ್ ಮತ್ತು ಪರ್ಲ್ ಬಣ್ಣಗಳಿಗೂ ಕಣ್ಣಳತೆಯ ಶೇಡ್ ಸಾಲದು. ಬಣ್ಣದ ಕೋಡ್ ನೋಡಿ ಯಂತ್ರದಲ್ಲಿ ಬೆರೆಸಿ, ಪಕ್ಕದ ಪ್ಯಾನೆಲ್ಲಿಗೂ ತುಸು ಹರಡಿ ಹೊಂದಿಸಬೇಕು.

ವಿಮೆಯ ಲೆಕ್ಕ

ಗಾಡಿ ಯಾವ ಗ್ಯಾರೇಜಿಗೆ ಹೋಗಬೇಕೆಂಬುದನ್ನು ಹೆಚ್ಚಿನ ಸಲ ತೀರ್ಮಾನಿಸುವುದು ವಿಮೆ. ಪೂರ್ಣ ವಿಮೆಯಲ್ಲೂ ಬದಲಿಸಿದ ಬಿಡಿಭಾಗಕ್ಕೆ ಸವಕಳಿ ಕಳೆಯುತ್ತಾರೆ. ಪ್ಲಾಸ್ಟಿಕ್, ರಬ್ಬರ್ ಭಾಗಗಳಿಗೆ ಶೇ. 50, ಫೈಬರಿಗೆ ಶೇ. 30, ಗಾಜಿಗೆ ಸವಕಳಿ ಇಲ್ಲ. ಲೋಹದ ಭಾಗಕ್ಕೆ ಗಾಡಿಯ ವಯಸ್ಸಿನ ಮೇಲೆ ಲೆಕ್ಕ: ಮೊದಲ ಆರು ತಿಂಗಳು ಏನೂ ಇಲ್ಲ, ಐದು ವರ್ಷ ದಾಟಿದರೆ ಶೇ. 40, ಹತ್ತು ದಾಟಿದರೆ ಶೇ. 50. ಆರು ವರ್ಷದ ಕಾರಿಗೆ 10,000 ರೂಪಾಯಿಯ ಬಾನೆಟ್ ಹಾಕಿದರೆ ವಿಮೆಯಿಂದ ಸಿಗುವುದು 6,000. ಅಷ್ಟೇ ಬೆಲೆಯ ಬಂಪರಿಗೆ 5,000. ಇದರ ಮೇಲೆ 1500 ಸಿಸಿ ತನಕದ ಕಾರಿಗೆ 1,000 ರೂಪಾಯಿ, ಅದಕ್ಕೂ ದೊಡ್ಡದಕ್ಕೆ 2,000 ರೂಪಾಯಿ ಕಡ್ಡಾಯವಾಗಿ ಮಾಲಕನ ಪಾಲು. ಸವಕಳಿ ಕಳೆಯದ ಪಾಲಿಸಿ ಹೊಸ ಕಾರುಗಳಿಗೆ ಇದೆ. ಅಂಥ ಪಾಲಿಸಿ ಇರುವವರಿಗೆ ತಟ್ಟಿ ಸರಿಮಾಡಿಸುವ ಅಗತ್ಯವೇ ತೋರುವುದಿಲ್ಲ, ಎಲ್ಲವನ್ನೂ ಹೊಸದಾಗಿ ಹಾಕಿಸುತ್ತಾರೆ. ನಗದು ಕೊಡದೆ ಗಾಡಿ ಬಿಡಿಸಿಕೊಳ್ಳುವ ವ್ಯವಸ್ಥೆ ವಿಮಾ ಕಂಪೆನಿಯ ಜೊತೆ ಒಪ್ಪಂದವಿರುವ ವರ್ಕ್‌ಶಾಪಿನಲ್ಲಿ ಮಾತ್ರ ಸಿಗುತ್ತದೆ.

ಸಣ್ಣ ಗ್ಯಾರೇಜನ್ನು ಉಳಿಸಿರುವುದೂ ಅದೇ ವಿಮೆಯ ಇನ್ನೊಂದು ನಿಯಮ. ಕ್ಲೇಮ್ ಮಾಡದಿದ್ದರೆ ಮೊದಲ ವರ್ಷ ಶೇ. 20ರಿಂದ ಹಿಡಿದು ಐದು ವರ್ಷಕ್ಕೆ ಶೇ. 50ರ ತನಕ ಪ್ರೀಮಿಯಮ್ಮಿನಲ್ಲಿ ರಿಯಾಯಿತಿ ಇದೆ. ಒಂದು ಡೆಂಟಿಗಾಗಿ ಇದನ್ನು ಕಳೆದುಕೊಳ್ಳಲು ಯಾರೂ ಬಯಸುವುದಿಲ್ಲ. ಗೇಟಿಗೆ ತಾಗಿದ ಬಾಗಿಲು, ರಿವರ್ಸ್ ತೆಗೆಯುವಾಗ ತೆಂಗಿನಮರಕ್ಕೆ ಗುದ್ದಿದ ಡಿಕ್ಕಿ ಇವೆಲ್ಲ ಊರಿನ ಟಿಂಕರನ ಬಳಿಗೇ ಬರುತ್ತವೆ. ಹಳೆಯ ಜೀಪು, ರಿಕ್ಷಾಗಳಲ್ಲಿ ಅನೇಕಕ್ಕೆ ಇರುವುದು ಥರ್ಡ್ ಪಾರ್ಟಿ ವಿಮೆ ಮಾತ್ರ. ಅವುಗಳ ಖರ್ಚು ಪೂರ್ತಿ ಮಾಲಕನ ಕಿಸೆಯಿಂದಲೇ ಹೋಗಬೇಕು.

ತೆರಿಗೆಗೆ ನೋಂದಾಯಿಸಿದ ಗ್ಯಾರೇಜಿನ ಬಿಲ್ಲಿನ ಮೇಲೆ ಶೇ. 18 ಜಿಎಸ್‌ಟಿ ಇದೆ. ಬಹುಪಾಲು ಬಿಡಿಭಾಗಗಳಿಗಿದ್ದ ಶೇ. 28ರ ತೆರಿಗೆ 2025ರ ಸೆಪ್ಟೆಂಬರ್ 22ರಿಂದ ಶೇ. 18ಕ್ಕೆ ಇಳಿಯಿತು.

ಎಫ್‌ಸಿ ಕೆಲಸ

ಕೆಎ 21 ನೋಂದಣಿಯ ಪುತ್ತೂರು ಆರ್‌ಟಿಓ ಕಚೇರಿಯ ಎಫ್‌ಸಿ (ಅರ್ಹತಾ ಪತ್ರ) ಈ ಕಸುಬಿನ ವಾರ್ಷಿಕ ಗಡಿಯಾರ. ಬಾಡಿಗೆ ವಾಹನಗಳಿಗೆ ಎಂಟು ವರ್ಷದವರೆಗೆ ಎರಡು ವರ್ಷಕ್ಕೊಮ್ಮೆ, ಆಮೇಲೆ ಪ್ರತಿವರ್ಷ ಅರ್ಹತಾ ಪತ್ರ ಬೇಕು. ರಿಕ್ಷಾ, ಜೀಪು, ಪಿಕಪ್, ಶಾಲಾ ವಾಹನಗಳು ತೂತು ಮುಚ್ಚಿಸಿ, ಬಣ್ಣ ಹೊಡೆಸಿ, ಹುಡ್ ಬದಲಿಸಿ, ರಿಫ್ಲೆಕ್ಟರ್ ಅಂಟಿಸಿಕೊಂಡು ಪರೀಕ್ಷೆಗೆ ಹೋಗುತ್ತವೆ. ಶಾಲೆ ತೆರೆಯುವ ಮೊದಲು, ಏಪ್ರಿಲ್–ಮೇ ತಿಂಗಳಲ್ಲಿ ಪೇಂಟರಿಗೆ ಉಸಿರಾಡಲು ಬಿಡುವಿಲ್ಲ. ಆಯುಧ ಪೂಜೆಯ ಮುನ್ನ ಮತ್ತೊಂದು ಸುತ್ತು.

ಸ್ವಂತ ವಾಹನಗಳಿಗೆ 15 ವರ್ಷದ ಬಳಿಕ ನೋಂದಣಿ ನವೀಕರಣ ಬೇಕು. ಕಾರಿನ ಶುಲ್ಕ 2022ರ ಏಪ್ರಿಲ್‌ನಲ್ಲಿ 600 ರೂಪಾಯಿಯಿಂದ 5,000ಕ್ಕೆ, 20 ವರ್ಷ ದಾಟಿದವಕ್ಕೆ 2025ರಲ್ಲಿ 10,000ಕ್ಕೆ ಏರಿತು. ಇದರಿಂದ ತೋಟದ ಹಳೆಯ ಗಾಡಿಗಳು ಕೆಲವು ಗುಜರಿಗೆ ಹೋದವು. ನವೀಕರಿಸಿದವರು ಮಾತ್ರ ಬಾಡಿಗೂ ಒಳ್ಳೆಯ ಖರ್ಚು ಮಾಡುತ್ತಾರೆ.

ಕೆಲಸಗಾರರು

ಇಲ್ಲಿನ ಟಿಂಕರಿಂಗನ್ನು ಶಾಲೆಯಲ್ಲಿ ಕಲಿತವರು ಕಡಿಮೆ. ಹತ್ತನೆಯ ತರಗತಿಯ ಆಚೀಚೆ ಗ್ಯಾರೇಜಿಗೆ ಸೇರಿ, ಮೊದಲು ಸ್ಯಾಂಡ್‌ಪೇಪರ್ ಉಜ್ಜಿ, ಮತ್ತೆ ಪುಟ್ಟಿ ಹಚ್ಚಿ, ಕೊನೆಗೆ ಸುತ್ತಿಗೆ ಅಥವಾ ಸ್ಪ್ರೇ ಗನ್ ಹಿಡಿದವರೇ ಹೆಚ್ಚು. ತುಳು, ಬ್ಯಾರಿ, ಅರೆಭಾಷೆ, ಮಲಯಾಳ, ಕನ್ನಡ ಐದೂ ಒಂದೇ ಗ್ಯಾರೇಜಿನಲ್ಲಿ ಕೇಳಿಬರುತ್ತವೆ. ಈ ಗುರುಶಿಷ್ಯ ಸಾಲು ಈಗ ತುಂಡಾಗುತ್ತಿದೆ. ಕಲಿಯುವ ಕಾಲದ ಸಣ್ಣ ಸಂಬಳಕ್ಕೆ ಹುಡುಗರು ಬರುವುದಿಲ್ಲ. ಪಳಗಿದವರನ್ನು ಕೊಲ್ಲಿ ರಾಷ್ಟ್ರಗಳೂ ಬೆಂಗಳೂರೂ ಸೆಳೆಯುತ್ತವೆ. ಪುತ್ತೂರಿನ ವಿವೇಕಾನಂದ ಮತ್ತು ಸುಳ್ಯದ ಕೆ.ವಿ.ಜಿ. ಪಾಲಿಟೆಕ್ನಿಕ್‌ಗಳಲ್ಲಿ ಆಟೊಮೊಬೈಲ್ ಡಿಪ್ಲೊಮಾ ಕಲಿತವರು ಸರ್ವಿಸ್ ಅಡ್ವೈಸರ್, ಸರ್ವೇಯರ್ ಆಗಲು ಬಯಸುತ್ತಾರೆ. ತಗಡಿನ ಕೆಲಸಕ್ಕೆ ಇಳಿಯುವುದಿಲ್ಲ. ಬಾಡಿ ರಿಪೇರಿಗೂ ಬಾಡಿ ಪೇಂಟಿಂಗಿಗೂ ಒಂದೊಂದು ವರ್ಷದ ಐಟಿಐ ಕೋರ್ಸುಗಳು ರಾಷ್ಟ್ರಮಟ್ಟದ ಪಟ್ಟಿಯಲ್ಲಿವೆ. ಹೊಸ ಲೋಹದ ಪಾಠ ಹಳೆಯ ಕೈಗಳಿಗೆ ತಲುಪಬೇಕಾದರೆ ಅಂಥ ತರಬೇತಿ ಸಂಜೆಯ ಹೊತ್ತು, ಗ್ಯಾರೇಜಿಗೆ ಹತ್ತಿರ, ಕನ್ನಡದಲ್ಲೇ ಸಿಗಬೇಕು.

ಪೇಂಟರರ ಆರೋಗ್ಯದ ಬಗ್ಗೆ ಯಾರೂ ಸಾಕಷ್ಟು ಯೋಚಿಸಿಲ್ಲ. ಪಿಯು ಪೇಂಟಿನ ಹಾರ್ಡನರ್‌ನಲ್ಲಿ ಐಸೊಸಯನೇಟ್ ಇರುತ್ತದೆ. ಉಸಿರಿನಲ್ಲಿ ಒಳಹೋದರೆ ಅಸ್ತಮಾ ಬರಬಹುದು, ಒಮ್ಮೆ ಬಂದ ಮೇಲೆ ಅತ್ಯಲ್ಪ ಪ್ರಮಾಣವೂ ದಮ್ಮು ಕೆರಳಿಸುತ್ತದೆ. ಮುಖಕ್ಕೆ ಕಟ್ಟಿದ ಬಟ್ಟೆ ಇದನ್ನು ತಡೆಯುವುದಿಲ್ಲ. ಹೊರಗಿನ ಶುದ್ಧ ಗಾಳಿಯನ್ನು ಕೊಳವೆಯಲ್ಲಿ ಒದಗಿಸುವ ಮುಖವಾಡವೇ ಬೇಕು. ಇಂಥ ಕೆಲಸಗಾರರಿಗೆ ಸರಕಾರದ ನೆರವೂ ಇದೆ. ರಾಜ್ಯದ ಅಸಂಘಟಿತ ಕಾರ್ಮಿಕರ ಸಾಮಾಜಿಕ ಭದ್ರತಾ ಮಂಡಳಿಯ ಅಂಬೇಡ್ಕರ್ ಕಾರ್ಮಿಕ ಸಹಾಯಹಸ್ತ ಯೋಜನೆಯಲ್ಲಿ ಮೆಕ್ಯಾನಿಕ್‌ಗಳ ವರ್ಗ ಸೇರಿದೆ. ಮೋಟಾರು ಸಾರಿಗೆ ಮತ್ತು ಸಂಬಂಧಿತ ಕಾರ್ಮಿಕರಿಗಾಗಿ 2024ರಲ್ಲಿ ಬಂದ ಕರ್ನಾಟಕದ ಕಾಯ್ದೆ ಗ್ಯಾರೇಜು ಕೆಲಸಗಾರರನ್ನೂ ಒಳಗೊಳ್ಳುತ್ತದೆ. ಈ ನೆರವು ಪಡೆಯಲು ಕೆಲಸಗಾರರು ತಮ್ಮ ಹೆಸರನ್ನು ಕಾರ್ಮಿಕ ಇಲಾಖೆಯಲ್ಲಿ ನೋಂದಾಯಿಸಿಕೊಳ್ಳಬೇಕು.