ಕ್ಯಾಮೆರಾ ಕಂಡ ಓಪನ್, ಕಾಣದ ಓಪನ್

ಮಕ್ತಲ್, ನಾರಾಯಣಪೇಟೆ, ಗದ್ವಾಲದ ಕನ್ನಡಿಗರ ಸಂಚಿಕೆಯಲ್ಲಿ ಗಾಲ್ಫಿಗೇನು ಕೆಲಸ ಎಂದು ಹುಬ್ಬೇರಿಸುವವರು ಏರಿಸಲಿ. ಹೊಳೆಯಾಚೆ ರಾಯಚೂರಿನಲ್ಲಿ ಕಾರಹುಣ್ಣಿಮೆಗೆ ಎತ್ತುಗಳು ಕಲ್ಲೆಳೆಯುವ ಪಂದ್ಯ ನಮಗೆಲ್ಲ ಗೊತ್ತು. ಯಾರ ಜೋಡಿ ಗೆದ್ದಿತೆಂಬುದು ಕಟ್ಟೆಯ ಮಾತಿನಲ್ಲಿ ಒಂದೆರಡು ತಲೆಮಾರು ಉಳಿದು ಆಮೇಲೆ ಮಸುಕಾಗುತ್ತದೆ. ಶ್ರೀಮಂತರ ಆಟದ ಗತಿಯೂ ನಮ್ಮ ದೇಶದಲ್ಲಿ ಇದಕ್ಕಿಂತ ಬಹಳ ಬೇರೆಯಲ್ಲ.

ಅಮೆರಿಕದ ಮಾತು ಬೇರೆ. 1960ರ ಯು.ಎಸ್. ಓಪನ್ ಕುರಿತು ಎಚ್‌ಬಿಒ ವಾಹಿನಿ 2008ರಲ್ಲಿ ‘ಬ್ಯಾಕ್ ನೈನ್ ಅಟ್ ಚೆರ್ರಿ ಹಿಲ್ಸ್’ ಎಂಬ ಸಾಕ್ಷ್ಯಚಿತ್ರ ತೋರಿಸಿತು. ಆಗೆಲ್ಲ ಕೊನೆಯ ದಿನ ಒಂದೇ ದಿನಕ್ಕೆ 36 ಹೋಲ್ ಆಡಬೇಕಿತ್ತು. ಮಧ್ಯಾಹ್ನದ ಸುತ್ತಿಗೆ ಇಳಿಯುವಾಗ ಆರ್ನಾಲ್ಡ್ ಪಾಮರ್ ಏಳು ಹೊಡೆತ ಹಿಂದಿದ್ದರು. 346 ಗಜದ ಮೊದಲ ಹೋಲಿನಲ್ಲಿ ಒಂದೇ ಏಟಿಗೆ ಚೆಂಡನ್ನು ಗ್ರೀನ್‌ಗೆ ಮುಟ್ಟಿಸಿದರು. 65ಕ್ಕೆ ಸುತ್ತು ಮುಗಿಸಿ, ಒಟ್ಟು 280ಕ್ಕೆ ಗೆದ್ದರು. ಎರಡೇ ಹೊಡೆತ ಹಿಂದೆ ಉಳಿದದ್ದು 20ರ ಹರೆಯದ ಹವ್ಯಾಸಿ ಜಾಕ್ ನಿಕ್ಲಾಸ್. ಹಳೆಯ ಹುಲಿ ಬೆನ್ ಹೋಗನ್ 17ನೇ ಹೋಲಿನಲ್ಲಿ ಚೆಂಡನ್ನು ನೀರಿಗೆ ಹಾಕಿ ಕೈಚೆಲ್ಲಿದರು.

ನಮ್ಮ ಇಂಡಿಯನ್ ಓಪನ್ ಶುರುವಾದದ್ದು 1964ರಲ್ಲಿ, ದೆಹಲಿಯಲ್ಲಿ. ಗೆದ್ದವರು ಆಸ್ಟ್ರೇಲಿಯಾದ ಪೀಟರ್ ಥಾಮ್ಸನ್. ಬ್ರಿಟಿಷ್ ಓಪನನ್ನು ಒಟ್ಟು ಐದು ಸಲ ಗೆದ್ದ ಆಟಗಾರ ಅವರು. ಮರುವರ್ಷ ಹವ್ಯಾಸಿ ಪಿ.ಜಿ. ಸೇಠಿ ವೃತ್ತಿಪರರನ್ನೆಲ್ಲ ಹಿಂದೆ ಹಾಕಿದರು. ಆಮೇಲೆ ಇನ್ನೊಬ್ಬ ಭಾರತೀಯ ಗೆಲ್ಲಲು 1991ರವರೆಗೆ ಕಾಯಬೇಕಾಯಿತು. ಗೆದ್ದವರು ಅಲಿ ಶೇರ್, ದೆಹಲಿ ಗಾಲ್ಫ್ ಕ್ಲಬ್ಬಿನಲ್ಲಿ ಪರರ ಚೀಲ ಹೊತ್ತು ಆಟ ಕಲಿತ ಕ್ಯಾಡಿ. 1993ರಲ್ಲಿ ಇನ್ನೊಮ್ಮೆ ಗೆದ್ದು ತೋರಿಸಿದರು. ನನ್ನ ಮಟ್ಟಿಗೆ ಪಾಮರ್ ಕಥೆಗಿಂತ ಇದೇ ತೂಕದ್ದು.

ಅದೇ ಥಾಮ್ಸನ್ ರೂಪಿಸಿದ ಮೈದಾನ ಬೆಂಗಳೂರಿನ ಕರ್ನಾಟಕ ಗಾಲ್ಫ್ ಅಸೋಸಿಯೇಷನ್ನಿನದು. ಅದಿರುವುದು ಚಲ್ಲಘಟ್ಟ ಕೆರೆಯ ಅಂಗಳದಲ್ಲಿ. ಮಳೆ ಕೈಕೊಟ್ಟಾಗಲೆಲ್ಲ ಗುಳೆ ಹೋಗಿ ಊರೂರಲ್ಲಿ ಮಣ್ಣು ಹೊತ್ತ ಪಾಲಮೂರು ಸೀಮೆಯ ಜನಕ್ಕೆ ಈ ಸಂಗತಿ ಸುಲಭಕ್ಕೆ ಗಂಟಲಲ್ಲಿ ಇಳಿಯದು. 2012ರಲ್ಲಿ ಇಂಡಿಯನ್ ಓಪನ್ ಅಲ್ಲಿಗೇ ಬಂತು. ಥಾಯ್ಲೆಂಡಿನ ತಾವೊರ್ನ್ ವಿರಾಚಾಂತ್ ಪ್ಲೇಆಫ್‌ನಲ್ಲಿ ಸ್ಕಾಟ್ಲೆಂಡಿನ ರಿಚಿ ರಾಮ್ಸೆಯನ್ನು ಸೋಲಿಸಿದರು.

ಇಂಡಿಯನ್ ಓಪನ್ ಮೇಲೆ ಯಾರಾದರೂ ಚಿತ್ರ ತೆಗೆಯುವುದಾದರೆ ಕ್ಯಾಡಿಗಳಿಂದ ಶುರು ಮಾಡಲಿ. ಯಾವ ಗ್ರೀನ್‌ನಲ್ಲಿ ಚೆಂಡು ಎತ್ತ ವಾಲುತ್ತದೆ, ಗಾಳಿ ತಿರುಗಿದರೆ ಆಟಗಾರನ ಕೈಗೆ ಯಾವ ಕೋಲು ಕೊಡಬೇಕು ಎಂಬುದನ್ನು ಅವರಷ್ಟು ಬಿಡಿಸಿ ಹೇಳಬಲ್ಲವರು ಬೇರೆ ಇಲ್ಲ. ಅಲಿ ಶೇರ್ ಕಲಿತದ್ದೂ ಅಲ್ಲೇ.