ಬಾಣಂತನದ ಆಚೆ: ಯಾದಗಿರಿ ಸೀಮೆಯಲ್ಲಿ ಕೂಸು ಹಿಡಿದವರು

ಯಾದಗಿರಿ, ಶಹಾಪುರ, ಸುರಪುರ ಸೀಮೆಯ ಶಿಶುಪಾಲನೆಯ ಬಗ್ಗೆ ಬರೆಯುವವರು ಬಾಣಂತನದ ಕೋಣೆಯಲ್ಲೇ ನಿಂತುಬಿಡುವುದುಂಟು. ಅಲ್ಲಿ ನೋಡುವಂಥದ್ದು ಬೇಕಾದಷ್ಟಿದೆ. ಸೂಲಗಿತ್ತಿಯೋ ಮನೆಯ ಹಿರಿಯಳೋ ಬಚ್ಚಲಲ್ಲಿ ಕಾಲು ಚಾಚಿ ಕೂತು, ಕಾಲ ಮೇಲೆ ಕೂಸನ್ನು ಮಲಗಿಸಿ, ಎಣ್ಣೆ ತಿಕ್ಕಿ ಬಿಸಿನೀರು ಹೊಯ್ಯುತ್ತಿದ್ದಳು. ಮೈ ಒರೆಸಿದ ಮೇಲೆ ಲೋಬಾನದ ಹೊಗೆ, ತಲೆಗೆ ಕುಂಚಿಗೆ, ಕೆನ್ನೆಗೆ ದೃಷ್ಟಿಬೊಟ್ಟು. ಕೂಸಿಗೆ ನೆಕ್ಕಿಸುವ ಘುಟ್ಟಿಗೆ ಬಜೆ, ಮಾಚಿಕಾಯಿ, ಜಾಜಿಕಾಯಿಗಳನ್ನು ಸಾಣೆಕಲ್ಲಿನ ಮೇಲೆ ತೇಯುವಾಗ ಅಳತೆ ತೂಕದ್ದಲ್ಲ, ಸುತ್ತಿನದು. ಕೂಸು ಬೆಳೆದಂತೆ ಸುತ್ತು ಹೆಚ್ಚುತ್ತಿತ್ತು. ಜಾಜಿಕಾಯಿ ನಿದ್ದೆಗೆಂದೇ. ಕೆಲಸವಿದ್ದ ತಾಯಿಗೆ ಆ ನಿದ್ದೆ ಬೇಕಾಗಿಯೂ ಇತ್ತು. ಇಂಥದೇ ಅಗತ್ಯಕ್ಕೆ ಮುಂಬಯಿ ಗಿರಣಿಯ ಹೆಂಗಸರು ಕೂಸಿಗೆ ಅಫೀಮು ತಿನ್ನಿಸಿ ಕೆಲಸಕ್ಕೆ ಹೋಗುತ್ತಿದ್ದುದು ಕಾರ್ಮಿಕರ ಕುರಿತ ರಾಯಲ್ ಆಯೋಗದ 1931ರ ವರದಿಯಲ್ಲಿ ದಾಖಲಾಗಿದೆ.

ಬಾಣಂತನದ ಉದ್ದವನ್ನು ನಿರ್ಧರಿಸುತ್ತಿದ್ದುದು ಶಾಸ್ತ್ರಕ್ಕಿಂತ ಹೆಚ್ಚಾಗಿ ಕೂಲಿ. ಜೋಳ, ತೊಗರಿ, ಹತ್ತಿಯ ಒಣಬೇಸಾಯದ ನೆಲದಲ್ಲಿ ಹತ್ತಿ ಬಿಡಿಸುವ ದಿನ ಬಂದರೆ ಬಾಣಂತಿಯೂ ಹೊಲಕ್ಕೆ ಇಳಿಯಬೇಕು. ಬದುವಿನ ಬೇವಿನ ಕೊಂಬೆಗೆ ಹಳೆ ಸೀರೆಯ ಜೋಳಿಗೆ. ಬಟ್ಟೆ ಕೂಡಿಕೊಂಡು ಉಸಿರುಗಟ್ಟದಂತೆ ಅಡ್ಡಕ್ಕೊಂದು ಕಟ್ಟಿಗೆ. ತೂಗುವ ಹಗ್ಗ ಆರೇಳು ವರ್ಷದ ಅಕ್ಕನ ಕೈಯಲ್ಲಿ. "ಯವ್ವಾ, ಕೂಸು ಅಳಾಕತ್ತದ" ಎಂದು ಅವಳು ಕೂಗಿದಾಗ ತಾಯಿ ಸಾಲು ಬಿಟ್ಟು ಬಂದು ಮೊಲೆಯೂಡಿಸಿ ಮತ್ತೆ ಸಾಲಿಗೆ. ಕೂಸು ಅಂಬೆಗಾಲಿಟ್ಟ ಮೇಲೆ ಈ ಹುಡುಗಿಯ ಕೆಲಸ ಇಮ್ಮಡಿ: ಜೋಳಿಗೆಯಿಂದ ಸೊಂಟಕ್ಕೆ.

ಕಾನೂನು ಈ ಬದುವಿಗೆ ಬಂದದ್ದು ತಡವಾಗಿ. 1961ರ ಹೆರಿಗೆ ಸೌಲಭ್ಯ ಕಾಯ್ದೆ ಕಾರ್ಖಾನೆ, ಗಣಿ, ತೋಟಗಳನ್ನು ನೋಡಿತು, ಹೊಲದ ಕೂಲಿಯನ್ನಲ್ಲ. 1975ರಲ್ಲಿ ತಿ. ನರಸೀಪುರದಿಂದ ರಾಜ್ಯದಲ್ಲಿ ಕಾಲಿಟ್ಟ ಅಂಗನವಾಡಿ ಯೋಜನೆ ಮೂರು ದಾಟಿದವರನ್ನು ಕೂರಿಸಿಕೊಂಡಿತು. ಅದಕ್ಕಿಂತ ಚಿಕ್ಕವರಿಗೆ ತೂಕ, ಲಸಿಕೆ, ಮನೆಗೊಯ್ಯುವ ಪೌಷ್ಟಿಕ ಆಹಾರ. ಅಕ್ಕ ಎತ್ತಿಕೊಳ್ಳುವ ವಯಸ್ಸೇ ಹೊರಗುಳಿಯಿತು. ಕೆಲಸದ ಜಾಗದಲ್ಲಿ ಆರರೊಳಗಿನ ಐದು ಮಕ್ಕಳಿದ್ದರೆ ನೋಡಿಕೊಳ್ಳಲು ಒಬ್ಬ ಹೆಂಗಸನ್ನು ಕೂಲಿ ಕೊಟ್ಟು ನೇಮಿಸಬೇಕೆಂದದ್ದು 2005ರ ಉದ್ಯೋಗ ಖಾತರಿ ಕಾಯ್ದೆ. ಗ್ರಾಮ ಪಂಚಾಯಿತಿಗಳ ಶಿಶುಪಾಲನಾ ಕೇಂದ್ರ 'ಕೂಸಿನ ಮನೆ' ಬಂದದ್ದು 2023ರ ಹೊತ್ತಿಗೆ.

2011ರ ಜನಗಣತಿಯಲ್ಲಿ ಯಾದಗಿರಿ ಜಿಲ್ಲೆಯ ಸಾಕ್ಷರತೆ ಶೇ. 51.83, ರಾಜ್ಯದಲ್ಲೇ ಕನಿಷ್ಠ, ಹೆಂಗಸರದು ಶೇ. 41ರ ಆಸುಪಾಸು. ಇದಕ್ಕೆ ಕಾರಣವಾಗಿ ನಿಜಾಮರ ಕಾಲದ ಶಾಲೆಗಳ ಕೊರತೆ, ಬಡತನ, ಬಾಲ್ಯವಿವಾಹಗಳನ್ನು ಹೆಸರಿಸುತ್ತೇವೆ. ಅಕ್ಕಂದಿರನ್ನು ಶಾಲೆಯಿಂದ ಹೊರಗಿಟ್ಟ ಕೂಸು ಹಿಡಿಯುವ ಕೆಲಸವೂ ಆ ಪಟ್ಟಿಯಲ್ಲಿರಬೇಕೆಂಬುದು ನನ್ನ ವಾದ. ಶಾಲೆಗಳ ಹಳೆಯ ಹಾಜರಿ ಪುಸ್ತಕಗಳಲ್ಲಿ ಹತ್ತಿ ಬಿಡಿಸುವ ತಿಂಗಳುಗಳನ್ನು ತೆಗೆದು, ಗೈರಾದ ಹುಡುಗಿಯರ ಮನೆಯಲ್ಲಿ ಆ ವರ್ಷ ಕೂಸಿತ್ತೇ ಎಂದು ಜನನ ನೋಂದಣಿಯೊಂದಿಗೆ ತಾಳೆ ನೋಡಿದರೆ ಈ ವಾದವನ್ನು ಪರೀಕ್ಷಿಸಬಹುದು.